ಗುಲಗಂಜಿಗಿಂತ ಹಗುರದ ಹಗ್ಗ: ಸ್ಪಿಟ್ಸ್‌ಬರ್ಗನ್ ರೋಪ್‌ವೇ, ಏಳನೇ ಕಂತು

ನಾನು ಕಟ್ಟುತ್ತಿರುವ ಪುಟ್ಟ ಮಾಡೆಲ್ ರೋಪ್‌ವೇಯ ಹಗ್ಗ ಕೊನೆಗೂ ಜೋಲಿತು. ಮೂರು ತಿಂಗಳು ಕಾಡಿದ ಕೆಲಸ ನಿನ್ನೆ ರಾತ್ರಿ ಹನ್ನೊಂದೂವರೆಗೆ ಕೈಗೆ ಹತ್ತಿತು. ಖುಷಿಗೆ ನಿದ್ದೆ ಬರಲಿಲ್ಲ, ಅದಕ್ಕೇ ಬೆಳಿಗ್ಗೆ ಕಾಫಿಗೆ ಮೊದಲೇ ಬರೆಯಲು ಕೂತಿದ್ದೇನೆ.

ಬೆಟ್ಟದ ಫೋಮ್, ಪ್ಲಾಸ್ಟರ್, ಹಿಮದ ಪುಡಿ ಇವೆಲ್ಲ ನೀವು ಹತ್ತಾರು ಸಲ ಮಾಡಿದವೇ, ಬಿಟ್ಟುಬಿಡುತ್ತೇನೆ. ಕಂಬಗಳು ಹೋದ ಕಂತಿಗೇ ಮುಗಿದಿದ್ದವು. ಒಂದು ಮಾತು ಮಾತ್ರ ಸೇರಿಸಬೇಕು. ಕಂಬದ ಮರಕ್ಕೆ ಬಣ್ಣ ಕೊಡುವಾಗ ಸ್ಥಳೀಯ ಮರದ ಬಣ್ಣ ಯಾವುದು ಎಂದು ಹುಡುಕಲು ಹೋಗಬೇಡಿ. ಸ್ಪಿಟ್ಸ್‌ಬರ್ಗನ್ ಇರುವುದು ಉತ್ತರ ಧ್ರುವದ ಕಡೆ, 78 ಡಿಗ್ರಿ ಉತ್ತರ ಅಕ್ಷಾಂಶದಲ್ಲಿ, ಅಲ್ಲಿ ಮರವೇ ಬೆಳೆಯುವುದಿಲ್ಲ. ಅಲ್ಲಿನ ತೊಲೆ ಹಲಗೆಯೆಲ್ಲ ಹಡಗಿನಲ್ಲಿ ಬಂದದ್ದು.

ಹೊಸದಾಗಿ ಓದುತ್ತಿರುವವರಿಗೆ: ನಾನು ಕಟ್ಟುತ್ತಿರುವುದು ನಾರ್ವೆಯ ಸ್ವಾಲ್ಬಾರ್ಡ್ ದ್ವೀಪಸಮೂಹದ ಸ್ಪಿಟ್ಸ್‌ಬರ್ಗನ್ ದ್ವೀಪದಲ್ಲಿರುವ ಲಾಂಗಿಯರ್ ಕಣಿವೆಯ ಕಲ್ಲಿದ್ದಲು ರೋಪ್‌ವೇ, 1:87 ಅಳತೆಯಲ್ಲಿ (ನಿಜದ 87ರಲ್ಲಿ ಒಂದು ಪಾಲು), 1919ರ ಬೇಸಿಗೆಯಲ್ಲಿ ಇದ್ದ ಹಾಗೆ. ಆ ವರ್ಷವನ್ನೇ ಆರಿಸಲು ಕಾರಣವಿದೆ. ಅಮೆರಿಕದ ಮಿಷಿಗನ್‌ನ ಜಾನ್ ಮನ್ರೋ ಲಾಂಗಿಯರ್ 1901ರಲ್ಲಿ ಪ್ರವಾಸಿಯಾಗಿ ಅಲ್ಲಿಗೆ ಹೋದ, 1906ರಲ್ಲಿ ಆರ್ಕ್ಟಿಕ್ ಕೋಲ್ ಕಂಪನಿ ಕಟ್ಟಿ ಗಣಿ ತೆರೆದ, 1916ರಲ್ಲಿ ಗಣಿ ನಾರ್ವೆಯವರ ಕೈಗೆ ಹೋಯಿತು. 1920ರ ಜನವರಿ 3ರಂದು ಒಂದನೇ ಗಣಿಯಲ್ಲಿ ಸ್ಫೋಟವಾಗಿ 26 ಮಂದಿ ಸತ್ತರು. ನನ್ನ ಬೆಟ್ಟದಲ್ಲಿ ಆ ಚಳಿಗಾಲ ಇನ್ನೂ ಬಂದಿಲ್ಲ. ಗಣಿಯ ಬಾಯಲ್ಲಿ ನಿಲ್ಲಿಸುವ ಒಂದೊಂದು ಗೊಂಬೆಗೆ ಬಣ್ಣ ಹಚ್ಚುವಾಗಲೂ ಇದು ನೆನಪಾಗುತ್ತದೆ, ಕೈ ತಾನಾಗಿ ನಿಧಾನವಾಗುತ್ತದೆ.

ರೈಲಿನ ಹಳಿ ಹಾಕದೆ ಹಗ್ಗ ಯಾಕೆ ಎಳೆದರು ಎಂದು ಹೋದ ಸಲ ಒಬ್ಬರು ಕೇಳಿದ್ದರು. ಕಲ್ಲಿದ್ದಲಿನ ಪದರ ಹೆಚ್ಚುಕಡಿಮೆ ಅಡ್ಡಡ್ಡ ಮಲಗಿದೆ, ಹಾಗಾಗಿ ಗಣಿಯ ಬಾಯಿ ಬೆಟ್ಟದ ಮಗ್ಗುಲಲ್ಲಿ, ಎತ್ತರದಲ್ಲಿ. ಕೆಳಗಿನದು ವರ್ಷವಿಡೀ ಹೆಪ್ಪುಗಟ್ಟಿದ ನೆಲ. ಅದರ ಮೇಲ್ಪದರ ಮಾತ್ರ ಬೇಸಿಗೆಯಲ್ಲಿ ಕರಗಿ ಕೆಸರಾಗುತ್ತದೆ, ಚಳಿಗೆ ಉಬ್ಬುತ್ತದೆ. ಹಳಿ ಹಾಸಿದರೆ ಸೊಟ್ಟಗಾಗುತ್ತದೆ, ಹಿಮ ಬಿದ್ದರೆ ಮುಚ್ಚಿಹೋಗುತ್ತದೆ. ಕಂಬ ನೆಟ್ಟು ಹಗ್ಗ ಕಟ್ಟಿದರೆ ಈ ಎರಡೂ ರಗಳೆ ಕೆಳಗೇ ಉಳಿಯುತ್ತವೆ. ಆಗ ಹಡಗು ಬರುತ್ತಿದ್ದುದು ಬೇಸಿಗೆಯಲ್ಲಿ ಮಾತ್ರ. ಸೂರ್ಯ ಮುಖ ತೋರಿಸದ ತಿಂಗಳುಗಳಲ್ಲಿ ಅಗೆದದ್ದೆಲ್ಲ ಬಕೆಟ್ಟುಗಳಲ್ಲಿ ಇಳಿದು ದಂಡೆಯಲ್ಲಿ ರಾಶಿಯಾಗಬೇಕಿತ್ತು. ಆ ಊರಿನ ಜೀವ ಈ ಹಗ್ಗದ ಮೇಲೆ ನಿಂತಿತ್ತು. ಅದಕ್ಕೇ ಹಗ್ಗ ಸರಿಯಾಗಿ ಬಾರದಿದ್ದರೆ ನನಗೆ ಈ ಮಾಡೆಲ್ಲೇ ಬೇಡ ಅನ್ನಿಸಿತ್ತು.

ಇನ್ನು ತೊಂದರೆಗೆ ಬರೋಣ.

ಇಂಥ ರೋಪ್‌ವೇಯಲ್ಲಿ ಮೂರು ಹಗ್ಗ. ತುಂಬಿದ ಬಕೆಟ್ ಇಳಿಯಲು ಒಂದು ದಪ್ಪ ಹಳಿಹಗ್ಗ, ಖಾಲಿ ಬಕೆಟ್ ಹತ್ತಲು ಒಂದು ತೆಳು ಹಳಿಹಗ್ಗ, ಎರಡೂ ಕಡೆ ಸುತ್ತಿ ಬರುವ ತುದಿಯಿಲ್ಲದ ಎಳೆಹಗ್ಗ. ಹಳಿಹಗ್ಗ ಅಲುಗುವುದಿಲ್ಲ, ಕಂಬದಿಂದ ಕಂಬಕ್ಕೆ ಜೋಲುತ್ತದೆ. ನನ್ನ ಎರಡು ಕಂಬಗಳ ನಡುವೆ 60 ಸೆಂ.ಮೀ., ಅಂದರೆ ನಿಜದಲ್ಲಿ 52 ಮೀಟರ್. ಹಳೆಯ ಫೋಟೊಗಳ ಮೇಲೆ ಸ್ಕೇಲಿಟ್ಟು ಅಂದಾಜು ಮಾಡಿದಾಗ ಜೋಲು 18 ಮಿ.ಮೀ. ಬರಬೇಕಿತ್ತು.

ಮೊದಲು ಹತ್ತಿ ದಾರ ಕಟ್ಟಿದೆ. ಚಂದ ಕಂಡಿತು. ಆರಿದ್ರಾ ಮಳೆ ಹಿಡಿಯಿತು ನೋಡಿ, ಮೂರನೇ ದಿನಕ್ಕೆ ದಾರ ವೀಣೆಯ ತಂತಿಯಂತೆ ಬಿಗಿದು ಎರಡನೇ ಕಂಬವನ್ನೇ ವಾಲಿಸಿತ್ತು. ಮಳೆಯಲ್ಲಿ ನೆನೆದ ದನದ ಹಗ್ಗದ ಗಂಟು ಬಿಚ್ಚಿದವರಿಗೆ ಇದು ಗೊತ್ತು: ಹುರಿ ಮಾಡಿದ ನಾರು ತೇವ ಕುಡಿದು ಉಬ್ಬಿದರೆ ಉದ್ದ ಕಡಿಮೆಯಾಗುತ್ತದೆ. ನೈಲಾನ್ ಹಾಕಿದೆ, ಅದು ಅದೇ ತೇವಕ್ಕೆ ಹಿಗ್ಗಿ ಹೊಟ್ಟೆ ಬಿಟ್ಟಿತು. ಪಾಲಿಯೆಸ್ಟರ್ ಹಾಕಿದೆ. ಮಳೆಗೆ ಜಗ್ಗಲಿಲ್ಲ, ಆದರೆ ರೀಲಿನಲ್ಲಿ ಸುತ್ತಿಕೊಂಡಿದ್ದ ಸುರುಳಿಯ ನೆನಪನ್ನು ಬಿಡಲೇ ಇಲ್ಲ. ಅಲ್ಲೊಂದು ಡೊಂಕು, ಇಲ್ಲೊಂದು ಡೊಂಕು. ಇಸ್ತ್ರಿ ಹಾಕಿದೆ, ವಾರಗಟ್ಟಲೆ ತೂಕ ಕಟ್ಟಿ ನೇತುಹಾಕಿದೆ. ಕಂಬಕ್ಕೆ ತಂದು ಕಟ್ಟಿದ ಕೂಡಲೇ ಮತ್ತೆ ಅದೇ ಪಾಡು.

ಆಗ ಪೆನ್ಸಿಲ್ ಹಿಡಿದು ಲೆಕ್ಕ ಹಾಕಿದೆ. ಇದನ್ನು ಮೊದಲ ದಿನವೇ ಮಾಡುವಂಥದ್ದು, ನೀವು ಹಾಗೇ ಮಾಡಿ. ಹಗ್ಗದ ತೂಕವನ್ನು ಕಂಬಗಳ ಅಂತರದಿಂದ ಗುಣಿಸಿ, ಜೋಲಿನ ಎಂಟರಷ್ಟರಿಂದ ಭಾಗಿಸಿದರೆ ಹಗ್ಗದಲ್ಲಿ ಇರಬೇಕಾದ ಬಿಗಿ ಸಿಗುತ್ತದೆ. ನನ್ನ ದಾರ ಮೀಟರಿಗೆ 30 ಮಿಲಿಗ್ರಾಂ, ಅಂದರೆ 60 ಸೆಂ.ಮೀ.ಗೆ 18 ಮಿಲಿಗ್ರಾಂ. 18 ಮಿ.ಮೀ. ಜೋಲು ಬೇಕಾದರೆ ದಾರದಲ್ಲಿ ಇರಬಹುದಾದ ಬಿಗಿ ಬರೀ 75 ಮಿಲಿಗ್ರಾಂ ತೂಕದಷ್ಟು. ಅಕ್ಕಸಾಲಿಗರ ಒಂದು ಗುಲಗಂಜಿ ಸುಮಾರು 120 ಮಿಲಿಗ್ರಾಂ. ಗುಲಗಂಜಿಗಿಂತ ಕಡಿಮೆ ಎಳೆತ ರೀಲಿನ ಸುರುಳಿಯನ್ನು ಹೇಗೆ ಬಿಡಿಸೀತು? ಡೊಂಕು ಹೋಗುವಷ್ಟು ಎಳೆದರೆ ಜೋಲು ಹೋಗುತ್ತದೆ, ಜೋಲು ಬರುವಷ್ಟು ಬಿಟ್ಟರೆ ಡೊಂಕು ಬರುತ್ತದೆ. ನಿಜವಾದ ಉಕ್ಕಿನ ಹಗ್ಗಕ್ಕೆ ತನ್ನ ಭಾರವೇ ಇಸ್ತ್ರಿ. ನನ್ನ ದಾರಕ್ಕೆ ಆ ಭಾರವಿಲ್ಲ. ಬ್ರ್ಯಾಂಡ್ ಬದಲಿಸಿ ಪ್ರಯೋಜನವೇ ಇರಲಿಲ್ಲ.

ಗುಲಗಂಜಿ ನೆನಪಾದದ್ದರಿಂದಲೇ ದಾರಿ ಹೊಳೆಯಿತು. ಎಷ್ಟೇ ಸಡಿಲವಿದ್ದರೂ ಡೊಂಕಿಲ್ಲದೆ ಜೋಲುವುದು ಒಂದೇ, ಸರಪಳಿ. ಪೇಟೆಯ ಅಕ್ಕಸಾಲಿಗರ ಬಳಿ ಹೋಗಿ ಅತಿ ಸಣ್ಣ ಕೊಂಡಿಯ ಬೆಳ್ಳಿ ಸರ ಒಂದು ಮೊಳ ಮೇಲೆ ಕೇಳಿದೆ. ಯಾರಿಗೆ ಎಂದರು. ಒಂದು ಬೆಟ್ಟಕ್ಕೆ ಎಂದೆ. ಎರಡು ಗುಲಗಂಜಿ ತೂಕವನ್ನು ಲೆಕ್ಕಕ್ಕೆ ಹಿಡಿಯದೆ ಬಿಟ್ಟರು.

ಸರವನ್ನು ಮಾಡೆಲ್ಲಿಗೆ ಕಟ್ಟಿದರೆ ಕೊಂಡಿ ಎದ್ದು ಕಾಣುತ್ತದೆ. ಅದು ಬರೀ ಆಕಾರ ತೋರಿಸುವ ಗುರು. ಹಲಗೆಯನ್ನು ಗೋಡೆಗೆ ನೆಟ್ಟಗೆ ಆನಿಸಿ, ಕಂಬದ ತಲೆಗಳ ಜಾಗದಲ್ಲಿ ಮೊಳೆ ಹೊಡೆದು, ಸರ ನೇತುಹಾಕಿ, ಹಿಂದಿನ ಡ್ರಾಯಿಂಗ್ ಶೀಟಿನ ಮೇಲೆ ಗೆರೆ ಎಳೆದುಕೊಂಡೆ. ಇಲ್ಲಿ ಎರಡು ಸಂಗತಿ ಕಣ್ಣಿಗೆ ಬಿದ್ದವು. ಒಂದು, ಕಡಿದಾದ ಇಳಿಜಾರಿನಲ್ಲಿ ಹಗ್ಗಕ್ಕೆ ತಗ್ಗಿನ ಬಿಂದುವೇ ಇಲ್ಲ. ಮೇಲಿನ ಕಂಬದಿಂದ ಕೆಳಗಿನ ಕಂಬದವರೆಗೂ ಇಳಿಯುತ್ತಲೇ ಹೋಗುತ್ತದೆ, ಇಳಿಜಾರು ಮಾತ್ರ ಬರಬರುತ್ತ ಕಡಿಮೆಯಾಗುತ್ತದೆ. ನಾನು ದಾರದಲ್ಲಿ ಪ್ರತಿ ಸಲವೂ ನಡುವೆ ತೊಟ್ಟಿಲ ಆಕಾರ ತರಲು ಹೆಣಗುತ್ತಿದ್ದೆ. ಎರಡು, ತುಂಬಿದ ಬಕೆಟ್ಟಿನ ಕಡೆ ಹಗ್ಗ ನುಣುಪಾದ ಬಾಗು ಅಲ್ಲ. ಬಕೆಟ್ ನೇತಾಡುವ ಜಾಗಗಳಲ್ಲಿ ಸರಕ್ಕೆ ಪುಟ್ಟ ಹಿತ್ತಾಳೆ ಮಣಿ ಸಿಕ್ಕಿಸಿದಾಗ ಮಣಿಯ ಹತ್ತಿರ ಸಣ್ಣ ಮುರಿವು, ಮಣಿಯಿಂದ ಮಣಿಗೆ ಹೆಚ್ಚುಕಡಿಮೆ ನೇರ. ಫೋಟೊ ತೆಗೆದು ಮತ್ತೆ ನೋಡಿದೆ. ನೂರು ವರ್ಷದ ಹಿಂದಿನ ಆ ಮಸುಕು ಚಿತ್ರದಲ್ಲೂ ಆ ಮುರಿವು ಇದೆ! ಇಷ್ಟು ದಿನ ಅದನ್ನು ಮುದ್ರಣದ ದೋಷ ಎಂದುಕೊಂಡಿದ್ದೆ.

ಹಗ್ಗಕ್ಕೆ ತಾಮ್ರದ ತಂತಿ. ಆನ್‌ಲೈನಿನಲ್ಲಿ ತರಿಸಿದ್ದು ಹೆಬ್ಬೆರಳಿಗಿಂತ ಸಣ್ಣ ರೀಲಿಗೆ ಸುತ್ತಿ, ಅಂಗೈಯಗಲದ ಲಕೋಟೆಯಲ್ಲಿ ಮಡಚಿ ಬಂತು. ತಂತಿ ಮಾರುವವರಿಗೆ ಮಡಚಬಾರದು ಎಂದು ಗೊತ್ತಿರಬೇಡವೇ? ಕೊನೆಗೆ ಪಂಪ್‌ಸೆಟ್ ಮೋಟರ್ ವೈಂಡಿಂಗ್ ಮಾಡುವ ಅಂಗಡಿಯಲ್ಲಿ, ದೊಡ್ಡ ಡ್ರಮ್ಮಿನಿಂದ ಬೇಕಾದಷ್ಟು ಕತ್ತರಿಸಿ ಕೊಟ್ಟರು. ತುಂಬಿದ ಕಡೆಗೆ 0.4 ಮಿ.ಮೀ., ಖಾಲಿ ಕಡೆಗೆ 0.3. ಒಂದು ತುದಿ ವೈಸಿಗೆ, ಇನ್ನೊಂದು ಇಕ್ಕಳಕ್ಕೆ. ಕೈಗೆ ಬೆಣ್ಣೆಯಂತೆ ಒಂದು ಎಳೆ ಜಾರಿದ ಅನುಭವವಾಗುವವರೆಗೆ ಎಳೆದರೆ ಸಾಕು. ತಂತಿ ನೆಟ್ಟಗಾಗುತ್ತದೆ, ಗಡಸೂ ಆಗುತ್ತದೆ. ಆಮೇಲೆ ಗೆರೆಯ ಮೇಲಿಟ್ಟು ಬೆರಳಿನಿಂದಲೇ ಬಾಗಿಸಿದೆ, ಮುರಿವುಗಳನ್ನು ಮಾತ್ರ ಇಕ್ಕಳದಲ್ಲಿ. ಬೆಸುಗೆಗೆ ಮೊದಲು ತಂತಿಯ ಮೇಲಿನ ಎನಾಮಲ್ ಲೇಪ ಕೆರೆಯುವುದನ್ನು ಮರೆಯಬೇಡಿ.

ಬಕೆಟ್ಟುಗಳದು ಬೇರೆ ಕಥೆ. ವಿದೇಶದಿಂದ ತರಿಸಿದ ಲೋಹದ ಬಕೆಟ್ಟುಗಳು, ಪೊಟ್ಟಣದ ಮೇಲೆ 1:87. ಕ್ಯಾಲಿಪರ್ ಹಿಡಿದರೆ 1:76. ಸುಂಕವೂ ಸೇರಿ ತೆತ್ತ ದುಡ್ಡು ನೆನೆದರೆ ಹೊಟ್ಟೆ ಉರಿಯುತ್ತದೆ. ಮಾರಿದವರು ಇವತ್ತಿನವರೆಗೂ ಉತ್ತರ ಕೊಟ್ಟಿಲ್ಲ. ಒಂದು ಲೆಕ್ಕದಲ್ಲಿ ಒಳ್ಳೆಯದೇ ಆಯಿತು: ಆ ಲೋಹದ ಭಾರಕ್ಕೆ ನನ್ನ ತಂತಿ ಬಗ್ಗಿಹೋಗುತ್ತಿತ್ತು. ಈಗ ಲಗ್ನಪತ್ರಿಕೆಯ ದಪ್ಪ ಕಾಗದದಲ್ಲಿ ಬಕೆಟ್ ಕತ್ತರಿಸುತ್ತಿದ್ದೇನೆ, ಊರಲ್ಲಿ ಅದಕ್ಕೆ ಬರವಿಲ್ಲ.

ಇದರ ನಡುವೆ ಮುಂದಿನ ಯೋಜನೆ ತಲೆಯೊಳಗೆ ಕಂಬ ನೆಟ್ಟಿದೆ. ಅದೇ ಸ್ವಾಲ್ಬಾರ್ಡಿನಲ್ಲಿ ಇನ್ನೂ ಉತ್ತರಕ್ಕೆ ನ್ಯೂ-ಓಲೆಸುಂಡ್ ಇದೆ. 1926ರ ಮೇ 11ರಂದು ಅಮುಂಡ್ಸೆನ್, ಎಲ್ಸ್‌ವರ್ತ್, ನೊಬಿಲೆ ‘ನಾರ್ಗೆ’ ವಾಯುನೌಕೆಯಲ್ಲಿ ಧ್ರುವದ ಮೇಲೆ ಹಾದು ಅಲಾಸ್ಕಕ್ಕೆ ಹೊರಟದ್ದು ಅಲ್ಲಿಂದ. ನೌಕೆ ಕಟ್ಟುವ ಉಕ್ಕಿನ ಜಾಲರಿ ಕಂಬ ಇನ್ನೂ ನಿಂತಿದೆ. ಅದೂ ಗಣಿಯ ಊರೇ. 1962ರ ನವೆಂಬರಿನ ಸ್ಫೋಟದಲ್ಲಿ 21 ಮಂದಿ ಸತ್ತ ಮೇಲೆ ಗಣಿ ಮುಚ್ಚಿತು, ಮರುವರ್ಷ ನಾರ್ವೆಯ ಸರ್ಕಾರವೇ ಉರುಳಿತು. ಈಗ ಅದು ವಿಜ್ಞಾನಿಗಳ ಊರು, 2008ರಿಂದ ನಮ್ಮ ಭಾರತದ ಸಂಶೋಧನಾ ಕೇಂದ್ರ ‘ಹಿಮಾದ್ರಿ’ಯೂ ಅಲ್ಲೇ. ಆ ದ್ವೀಪಗಳನ್ನು ನಾರ್ವೆಗೆ ಒಪ್ಪಿಸಿದ 1920ರ ಪ್ಯಾರಿಸ್ ಒಪ್ಪಂದದಲ್ಲಿ ಭಾರತದ ಹೆಸರೂ ಇದೆ, ಬ್ರಿಟಿಷರ ನೆರಳಲ್ಲಿ. ಒಂದೇ ತಳಹಲಗೆಯಲ್ಲಿ ಜಾಲರಿ ಕಂಬ, ಗಣಿಯ ಪುಟ್ಟ ಉಗಿಬಂಡಿ, ಹಿಮಾದ್ರಿಯ ಕೆಂಪು ಮನೆ ಮೂರನ್ನೂ ತರಬೇಕೆಂದು ಆಸೆ. ಕಾಲ ಬೇರೆ ಬೇರೆ, ಆದರೆ ಇಂದು ಅಲ್ಲಿ ನಿಂತರೆ ಮೂರೂ ಕಾಣುತ್ತವೆ.

ಸ್ವಾಲ್ಬಾರ್ಡಿನಲ್ಲಿ ನಾರ್ವೆಯ ಕೊನೆಯ ಗಣಿ, ಏಳನೆಯದು, 2025ರಲ್ಲಿ ಮುಚ್ಚಿತು. ಮಾಡೆಲ್ ಶುರು ಮಾಡಿದಾಗ ಅಲ್ಲಿ ಇನ್ನೂ ಕಲ್ಲಿದ್ದಲು ಅಗೆಯುತ್ತಿದ್ದರು. 1946ಕ್ಕೆ ಹಿಂದಿನ ಮನುಷ್ಯನ ಕುರುಹುಗಳನ್ನೆಲ್ಲ ಅಲ್ಲಿನ ಕಾನೂನು ಕಾಪಾಡುತ್ತದೆ, ಬೆಟ್ಟದಲ್ಲಿ ಬಿದ್ದ ತುಕ್ಕು ಮೊಳೆಯನ್ನೂ ಜೇಬಿಗೆ ಹಾಕುವ ಹಾಗಿಲ್ಲ. ಅದನ್ನು ಓದಿದ ದಿನ ನನಗೆ ತುಂಬ ಸಮಾಧಾನವಾಗಿತ್ತು.

ನಿನ್ನೆ ರಾತ್ರಿ ಎಂಟನೇ ಬಕೆಟ್ ಸಿಕ್ಕಿಸಿ, ಟೇಬಲ್ ಲ್ಯಾಂಪನ್ನು ದಿಗಂತದ ಸೂರ್ಯನಷ್ಟು ತಗ್ಗಿಸಿ ಇಟ್ಟೆ. ಹಗ್ಗದ ನೆರಳು ಹಿಮದ ಮೇಲೆ ಬಿತ್ತು, ಮುರಿವುಗಳ ಸಮೇತ. ಖಾಲಿ ಕಡೆಯ ತಂತಿ ಈ ಭಾನುವಾರ. ಎಳೆಹಗ್ಗ ಮಾತ್ರ ಬಾಕಿ, ಅದು ನಿಜಕ್ಕೂ ಓಡಬೇಕು, ತಂತಿಯಲ್ಲಿ ಆಗದು. ತೇವಕ್ಕೆ ಜಗ್ಗದ, ಸುರುಳಿಯ ನೆನಪಿಲ್ಲದ ದಾರ ಯಾರಿಗಾದರೂ ಗೊತ್ತಿದ್ದರೆ ತಿಳಿಸಿ, ಪುಷ್ಯ ಮಳೆ ಬರುವುದರೊಳಗೆ.