ಅಮ್ಮನ ಚಂದಾ ರಸೀದಿ

ಬೀರು ಕ್ಲೀನ್ ಮಾಡುವಾಗ ಅಮ್ಮನ ಹಳೇ ಯೂನಿಯನ್ ಚಂದಾ ರಸೀದಿ ಸಿಕ್ಕಿತು. ಮಡಚಿದ ಗೆರೆಯಲ್ಲೇ ಹರಿದಿದೆ. ಅಮ್ಮ ಬ್ಯಾಂಕಿನಲ್ಲಿ ಕ್ಲರ್ಕ್ ಆಗಿದ್ದಳು. ಅಲ್ಲಿ ಸಂಬಳ ಜಾಸ್ತಿ ಮಾಡಿ ಅಂತ ಒಬ್ಬೊಬ್ಬರೇ ಕೇಳುವ ಹಾಗಿಲ್ಲ. ಯೂನಿಯನ್‌ಗಳು ಬ್ಯಾಂಕ್ ಆಡಳಿತಗಳ ಪರ ಮಾತಾಡುವ ಇಂಡಿಯನ್ ಬ್ಯಾಂಕ್ಸ್ ಅಸೋಸಿಯೇಷನ್ ಜೊತೆ ಕೂತು ಒಪ್ಪಂದ ಮಾಡಿಕೊಳ್ಳಬೇಕು. 2024ರ ಮಾರ್ಚ್ 8ರಂದು ಸಹಿಯಾದದ್ದು ಅಂಥ ಹನ್ನೆರಡನೆಯ ಒಪ್ಪಂದ. ಶೇ. 17 ಏರಿಕೆ, ಅದೂ 2022ರ ನವೆಂಬರ್‌ನಿಂದ ಲೆಕ್ಕ. ಅಮ್ಮನ ಕಾಲದಲ್ಲಿ ಅರಿಯರ್ಸ್, ಅಂದರೆ ಹಿಂದಿನ ತಿಂಗಳುಗಳ ಏರಿಕೆಯ ಬಾಕಿ, ಬಂದರೆ ಮನೆಗೆ ಹೊಸ ಮಿಕ್ಸಿ ಬರುತ್ತಿತ್ತು. ನನಗೆ ನೆನಪಿರುವ ಒಪ್ಪಂದ ಅಷ್ಟೇ!

"ಚಂದಾ ಕೊಡದವರಿಗೂ ಏರಿಕೆ ಸಿಗ್ತಿತ್ತಾ ಅಮ್ಮಾ?"

"ಸಿಗದೇ ಏನು? ಅರಿಯರ್ಸ್ ಎಷ್ಟು ಅಂತ ಮೊದಲು ಲೆಕ್ಕ ಹಾಕ್ತಿದ್ದೋರೇ ಅವರು" ಅಂತ ನಕ್ಕಳು.

ನಾನಿರುವುದು ಐಟಿಯಲ್ಲಿ. ಪ್ರತಿ ಏಪ್ರಿಲ್‌ನಲ್ಲಿ ಮ್ಯಾನೇಜರ್ ಎದುರು ಒಬ್ಬನೇ ಕೂರುತ್ತೇನೆ. ಕೇಳಬೇಕು ಅಂದುಕೊಂಡದ್ದು ಅರ್ಧ ಗಂಟಲಲ್ಲೇ ಉಳಿಯುತ್ತದೆ. ರಸೀದಿಯನ್ನು ಸುಮ್ನೆ ಪರ್ಸಿನಲ್ಲಿ ಇಟ್ಟುಕೊಂಡಿದ್ದೇನೆ.