ಹೆಸರಲ್ಲಿ ಹುಲಿ ಇದ್ದರೆ ಸಾಕಾ?

"ಹೆಸರಲ್ಲೇ ಹುಲಿ ಇದೆಯಲ್ಲಮ್ಮ, ಕೂತ್ಕೋ."

ಭಾನುವಾರ ಕೇಳಿದ ಈ ಮಾತು ಇನ್ನೂ ನನ್ನ ಕಿವಿ ಬಿಟ್ಟು ಹೋಗಿಲ್ಲ. ಮುಂಬೈ ಲೋಕಲ್‌ನಲ್ಲಿ ನಿಂತಾಗ ಬರುತ್ತದೆ, ಕಾಲೇಜಿನಲ್ಲಿ ಪೇಪರ್ ತಿದ್ದುವಾಗ ಬರುತ್ತದೆ, ರಾತ್ರಿ ಅಡುಗೆಮನೆ ಒರೆಸುವಾಗಲೂ ಬರುತ್ತದೆ. ಹೇಳಿದವರು ಗದರಿಸಲಿಲ್ಲ. ನಕ್ಕೇ ಹೇಳಿದರು. ಸಭೆಯಲ್ಲಿದ್ದವರೂ ನಕ್ಕರು. ಆ ನಗುವೇ ನನಗೆ ಜಾಸ್ತಿ ಚುಚ್ಚಿದ್ದು.

ನಮ್ಮ ಉಪನಗರದ ಕನ್ನಡ ಬಳಗದಲ್ಲಿ ಮಕ್ಕಳಿಗೆ ರಸಪ್ರಶ್ನೆ ಇತ್ತು. ಅಂಕ ಬರೆಯುವ ಕೆಲಸ ನನ್ನದು. ಪ್ರಶ್ನೆ ಕೇಳುತ್ತಿದ್ದವರು ಬಳಗದ ಹಿರಿಯರು, ರಕ್ತದಾನ ಶಿಬಿರದಿಂದ ಹಿಡಿದು ಯಾರದೋ ಮನೆಯ ಆಸ್ಪತ್ರೆ ಓಡಾಟದವರೆಗೆ ಎಲ್ಲದಕ್ಕೂ ಮೊದಲು ನಿಲ್ಲುವವರು. ಅವರ ಬಗ್ಗೆ ನನಗೆ ಗೌರವ ಇದೆ, ಈಗಲೂ ಇದೆ. ಆದರೆ ಚಿಕ್ಕವರು ತಿದ್ದಿದರೆ ತಡೆದುಕೊಳ್ಳುವ ಗುಣ ಅವರಲ್ಲಿ ಇಲ್ಲ. ನಮ್ಮ ಬಳಗದ ಹಿರಿಯರಲ್ಲಿ ಬಹಳ ಜನಕ್ಕೆ ಇಲ್ಲ.

ಪ್ರಶ್ನೆ ಇಷ್ಟೇ: ಟಾಸ್ಮೇನಿಯನ್ ಟೈಗರ್ ಯಾವ ಗುಂಪಿಗೆ ಸೇರಿದ ಪ್ರಾಣಿ? ಒಬ್ಬ ಹುಡುಗ ಬಜರ್ ಒತ್ತಿ "ಬೆಕ್ಕಿನ ಗುಂಪು" ಅಂದ. "ಶಹಬ್ಬಾಸ್!" ಚಪ್ಪಾಳೆ. ಆಗ ಇನ್ನೊಂದು ತಂಡದ ಹುಡುಗಿ ಎದ್ದು ನಿಂತಳು. ಎಂಟನೇ ಕ್ಲಾಸು, ಮಾತಿನಲ್ಲಿ ಸ್ವಲ್ಪ ಮರಾಠಿಯ ಎಳೆತ. "ಸರ್, ಅದು ಹುಲಿ ಅಲ್ಲ. ಅದು ಡ್ಯಾಸಿಯೂರ್‌ಗಳ ಕಡೆಯದು."

"ಹೆಸರಲ್ಲೇ ಹುಲಿ ಇದೆಯಲ್ಲಮ್ಮ, ಕೂತ್ಕೋ."

ಅವಳು ಕೂತಳು. ನಾನು ಪೆನ್ನು ಕೆಳಗಿಟ್ಟು, ಅವಳು ಹೇಳಿದ್ದು ಸರಿ, ಆಸ್ಟ್ರೇಲಿಯಾದ ಟಾಸ್ಮೇನಿಯಾ ದ್ವೀಪದ ಆ ಪ್ರಾಣಿ ಕಾಂಗರೂ ಥರ ಹೊಟ್ಟೆಚೀಲದ್ದು, ಬೆಕ್ಕಿಗೂ ಅದಕ್ಕೂ ಸಂಬಂಧವಿಲ್ಲ ಅಂದೆ. "ಮೇಡಂ, ಆಮೇಲೆ ನೋಡೋಣ" ಎಂದು ಮುಂದಿನ ಪ್ರಶ್ನೆಗೆ ಹೋದರು. ಆಮೇಲೆ ಯಾರೂ ನೋಡಲಿಲ್ಲ. ಒಂದೇ ಅಂಕದಲ್ಲಿ ಅವಳ ತಂಡ ಸೋತಿತು.

ಹುಡುಗಿ ಹೇಳಿದ ರೀತಿಯೇ ನನಗೆ ತುಂಬ ಹಿಡಿಸಿತು. "ಡ್ಯಾಸಿಯೂರ್‌ಗಳ ಕಡೆಯದು." ಮುಂಬೈಯಲ್ಲಿ ಇಬ್ಬರು ಕನ್ನಡದವರು ಸಿಕ್ಕರೆ ಮೊದಲ ಪ್ರಶ್ನೆ "ನೀವು ಯಾವ ಕಡೆಯವರು?" ಅಲ್ವಾ? ನೋಡೋಕೆ ಹೇಗಿದ್ದೀರಿ, ಏನು ತಿನ್ನುತ್ತೀರಿ ಅಂತ ಅಲ್ಲ. ಎಲ್ಲಿಂದ ಬಂದವರು, ಯಾರ ಪೈಕಿ. ಪ್ರಾಣಿಶಾಸ್ತ್ರ ಪ್ರಾಣಿಗಳಿಗೆ ಕೇಳುವುದೂ ಇದನ್ನೇ. ವರ್ಷಗಟ್ಟಲೆ ಜೂನಿಯರ್ ಕಾಲೇಜಿನಲ್ಲಿ ಜೀವಶಾಸ್ತ್ರ ಹೇಳಿಕೊಟ್ಟಿದ್ದೇನೆ. ಇಷ್ಟು ಸರಿಯಾಗಿ, ಇಷ್ಟು ಸಣ್ಣ ವಾಕ್ಯದಲ್ಲಿ ಹೇಳಿದ ವಿದ್ಯಾರ್ಥಿಗಳು ಕಡಿಮೆ.

ಡ್ಯಾಸಿಯೂರ್ ಅನ್ನುವ ಹೆಸರು ಹಳೆಯದು. 1796ರಲ್ಲಿ ಫ್ರಾನ್ಸಿನ ಪ್ರಾಣಿಶಾಸ್ತ್ರಜ್ಞ ಎಟಿಯೆನ್ ಜಾಫ್ರಾ ಸೇಂಟ್-ಹಿಲೇರ್ ಕೊಟ್ಟ ಡ್ಯಾಸಿಯೂರಸ್ ಎಂಬ ಹೆಸರಿನಿಂದ ಬಂದದ್ದು. ಗ್ರೀಕ್ ಭಾಷೆಯಲ್ಲಿ ಪೊದೆಗೂದಲಿನ ಬಾಲ ಅಂತ ಅರ್ಥ. ಆಸ್ಟ್ರೇಲಿಯಾದಲ್ಲಿ ಬೇಟೆಯಾಡಿ ಬದುಕುವ ಸಣ್ಣ ಪ್ರಾಣಿಗಳಾದ ಚುಕ್ಕೆಮೈಯ ಕ್ವೋಲ್‌ಗಳಿಗೆ ಆ ಹೆಸರು ಹೊಂದುತ್ತಿತ್ತು. ಆಮೇಲೆ ಆ ಹೆಸರಿನಿಂದಲೇ ಇಡೀ ಕುಟುಂಬದ ಹೆಸರು ಹುಟ್ಟಿತು, ಡ್ಯಾಸಿಯೂರಿಡ್‌ಗಳು. ಅದರ ಮೇಲೆ ಇನ್ನೂ ದೊಡ್ಡ ಗಣ, ಡ್ಯಾಸಿಯೂರೋಮಾರ್ಫಿಯಾ. ಹಳೇ ಪುಸ್ತಕಗಳಲ್ಲಿ ಡ್ಯಾಸಿಯೂರ್ ಅಂದರೆ ಹೆಚ್ಚಾಗಿ ಕ್ವೋಲ್ ಮಾತ್ರ. ಈಗ ಪ್ರಾಣಿಶಾಸ್ತ್ರದವರು ಡ್ಯಾಸಿಯೂರಿಡ್ ಅಂದಾಗ ಟಾಸ್ಮೇನಿಯನ್ ಡೆವಿಲ್, ಇಲಿಯಂತೆ ಕಾಣುವ ಡನಾರ್ಟ್, ಆಂಟೆಕೈನಸ್ ಎಲ್ಲ ಸೇರಿ 70ಕ್ಕೂ ಹೆಚ್ಚು ಜಾತಿಗಳು ಬರುತ್ತವೆ. ಇವುಗಳಲ್ಲಿ ಉದ್ದಬಾಲದ ಪ್ಲಾನಿಗೇಲ್ ಎಂಬುದರ ತೂಕ ಬರೀ 4 ಗ್ರಾಂನಷ್ಟು. ಅದೂ ಬೇಟೆಯಾಡಿಯೇ ಬದುಕುತ್ತದೆ. ಆಂಟೆಕೈನಸ್ ಗಂಡುಗಳ ಕತೆ ಹೇಳಿದರೆ ನನ್ನ ಕ್ಲಾಸು ಪ್ರತಿ ಸಲ ಸುಮ್ಮನಾಗುತ್ತದೆ: ಒಂದೇ ಒಂದು ಮಿಲನದ ಕಾಲ, ಅದು ಮುಗಿಯುತ್ತಿದ್ದ ಹಾಗೆ ಗಂಡುಗಳೆಲ್ಲ ಸತ್ತು ಹೋಗುತ್ತವೆ, ಒಂದು ವರ್ಷ ಕೂಡ ತುಂಬಿರುವುದಿಲ್ಲ.

"ಮಾಂಸ ತಿನ್ನುವ ಹೊಟ್ಟೆಚೀಲದ ಪ್ರಾಣಿಗಳು" ಅಂತ ಈ ಗಣಕ್ಕೆ ಒಂದೇ ಸಾಲಿನ ಅರ್ಥ ಕೊಡುತ್ತಾರೆ. ನನ್ನ ಮಟ್ಟಿಗೆ ಆ ಸಾಲು ಅರ್ಧ ದಾರಿಗೆ ಮಾತ್ರ ಸಾಲುತ್ತದೆ. ನಂಬ್ಯಾಟ್ ಇದೇ ಗಣದ್ದು, ತಿನ್ನುವುದು ಗೆದ್ದಲು. ದಿನಕ್ಕೆ 20,000ದವರೆಗೆ ತಿನ್ನುತ್ತದೆ. ಅಮೆರಿಕದ ಒಪೋಸಮ್‌ಗೂ ಚೀಲ ಇದೆ, ಅದು ಮಾಂಸವನ್ನೂ ಬಿಡುವುದಿಲ್ಲ, ಆದರೂ ಈ ಗಣಕ್ಕೆ ಸೇರುವುದಿಲ್ಲ. ಊಟ ನೋಡಿ ಜಾತಿ ಹೇಳಲು ಆಗುವುದಿಲ್ಲ. ಬಾಯಿ, ಕಾಲು ನೋಡಬೇಕು. ಡ್ಯಾಸಿಯೂರ್‌ಗಳಿಗೆ ಕೆಳದವಡೆಯ ಮುಂದುಗಡೆ ಮೂರು ಜೋಡಿ ಸಣ್ಣ ಹಲ್ಲು. ಕಾಂಗರೂಗೆ ಅಲ್ಲಿ ಒಂದೇ ಜೋಡಿ, ಉದ್ದವಾಗಿ ಮುಂದೆ ಚಾಚಿದ್ದು. ಕಾಂಗರೂವಿನ ಹಿಂಗಾಲಿನಲ್ಲಿ ಎರಡನೇ, ಮೂರನೇ ಬೆರಳು ಒಂದೇ ಚರ್ಮದೊಳಗೆ ಅಂಟಿಕೊಂಡಿರುತ್ತವೆ. ಡ್ಯಾಸಿಯೂರ್‌ಗಳಲ್ಲಿ ಬೆರಳುಗಳು ಬಿಡಿಬಿಡಿ. ಆಸ್ಟ್ರೇಲಿಯಾದ ಬ್ಯಾಂಡಿಕೂಟ್‌ಗೆ (ನಮ್ಮ ಹೆಗ್ಗಣ ಅಲ್ಲ, ಅದೂ ಹೊಟ್ಟೆಚೀಲದ್ದೇ) ಹಲ್ಲು ಇವುಗಳ ಥರ, ಬೆರಳು ಕಾಂಗರೂ ಥರ, ಅದಕ್ಕೇ ಅದರದ್ದು ಬೇರೆಯೇ ಗಣ. ಇಷ್ಟು ಚೆಂದದ ವಿಷಯವನ್ನು ಮಕ್ಕಳ ಮುಂದೆ ಬಿಚ್ಚಿಡುವ ಅವಕಾಶ ಅವತ್ತು ಎದುರಿಗೇ ಎದ್ದು ನಿಂತಿತ್ತು. ಅದನ್ನು ಕೂರಿಸಿದರು.

ಟಾಸ್ಮೇನಿಯನ್ ಟೈಗರ್ ಅನ್ನುವುದು ಥೈಲಸೀನ್, ಈಗ ಅಳಿದುಹೋಗಿರುವ ಪ್ರಾಣಿ. ಹಿಂದೆ ಅದನ್ನು ಡ್ಯಾಸಿಯೂರ್ ಕುಟುಂಬದಲ್ಲೇ ಇಡುತ್ತಿದ್ದವರಿದ್ದರು. ಈಗ ಅದಕ್ಕೆ ಅದರದೇ ಕುಟುಂಬ, ಆದರೆ ಗಣ ಇದೇ. ಹುಡುಗಿ "ಕಡೆಯದು" ಅಂದಿದ್ದು ಎಷ್ಟು ಸರಿ ನೋಡಿ. ಬೆನ್ನ ಮೇಲೆ ಪಟ್ಟೆ ಇತ್ತು, ಅಷ್ಟಕ್ಕೆ ಹುಲಿ ಅಂದರು. ಮೂತಿ ನೋಡಿ ಕೆಲವರು ತೋಳ ಅಂದರು. ಶಾಸ್ತ್ರದ ಹೆಸರಿನಲ್ಲೂ ನಾಯಿತಲೆ ಸೇರಿಕೊಂಡಿತು, ಥೈಲಸೈನಸ್ ಸೈನೊಸೆಫಾಲಸ್ ಅಂತ. ತಲೆಬುರುಡೆ ನಾಯಿಯದಕ್ಕೆ ಎಷ್ಟು ಹೋಲುತ್ತದೆ ಅಂದರೆ ಓದಿದವರೂ ಮೋಸ ಹೋಗುತ್ತಾರೆ, ತಿರುಗಿಸಿ ಅಂಗುಳಿನ ಮೂಳೆಯಲ್ಲಿ ಎರಡು ರಂಧ್ರ ಇದೆಯಾ ಅಂತ ನೋಡಬೇಕು. ನಾಯಿಯ ವಂಶವೂ ಇದರ ವಂಶವೂ ಬೇರೆಯಾಗಿ ಸುಮಾರು 16 ಕೋಟಿ ವರ್ಷ ಆಗಿದೆ. ಒಂದೇ ಥರದ ಬದುಕು ಇಬ್ಬರನ್ನೂ ಒಂದೇ ಥರದ ಮುಖಕ್ಕೆ ತಂದಿದೆ. ನನಗೆ ಇದಕ್ಕಿಂತ ಬೆರಗಿನ ವಿಷಯ ಜೀವಶಾಸ್ತ್ರದಲ್ಲಿ ಹೆಚ್ಚು ಸಿಕ್ಕಿಲ್ಲ.

ಕಾರ್ಯಕ್ರಮ ಮುಗಿದ ಮೇಲೆ ನಾನು ಹಿರಿಯರ ಹತ್ತಿರ ಹೋದೆ. ಅವರ ಕೈಯಲ್ಲಿ ಪ್ರಶ್ನೆಗಳ ಪ್ರಿಂಟ್ ಇತ್ತು. "ಇದರಲ್ಲಿ ಹಾಗೇ ಇದೆ ಮೇಡಂ. ಮಕ್ಕಳ ಕಾರ್ಯಕ್ರಮ, ಇಷ್ಟು ಆಳಕ್ಕೆ ಯಾಕೆ?" ಅಂದರು. ಹುಡುಗಿಯ ಅಮ್ಮ ಪಕ್ಕದಲ್ಲೇ ಇದ್ದರು. "ಬಿಡಿ ಟೀಚರ್, ಒಂದು ಅಂಕಕ್ಕೆ ಯಾಕೆ ಮಾತು, ಎಲ್ಲ ನಮ್ಮವರೇ" ಅಂದರು. ಅವರ ಮೇಲೂ ನನಗೆ ಸಿಟ್ಟು ಬಂತು, ಸುಳ್ಳು ಯಾಕೆ ಹೇಳಲಿ. ಹುಡುಗಿ ಅಮ್ಮನ ಮುಖ ನೋಡಿ ಚಪ್ಪಲಿ ಹುಡುಕಲು ಹೊರಟಳು. ಆಗ ಬಂದವನು ಆ ಬಜರ್ ಒತ್ತಿದ ಹುಡುಗ. ನೇರವಾಗಿ ಅವಳ ಹತ್ತಿರ ಹೋಗಿ "ಫೋಟೋ ಇದ್ರೆ ತೋರ್ಸು" ಅಂದ. ಇಬ್ಬರೂ ಮೆಟ್ಟಿಲ ಮೇಲೆ ಕೂತು ಅವಳ ಅಮ್ಮನ ಮೊಬೈಲಿನಲ್ಲಿ 1930ರ ದಶಕದ ಆ ಕಪ್ಪು-ಬಿಳುಪು ಚಿತ್ರ ನೋಡಿದರು, ಟಾಸ್ಮೇನಿಯಾದ ಹೋಬಾರ್ಟ್ ಊರಿನ ಮೃಗಾಲಯದ ಪಂಜರದಲ್ಲಿ ಥೈಲಸೀನ್ ಓಡಾಡುವುದು, ಬಾಯಿ ಅಷ್ಟಗಲ ತೆರೆಯುವುದು. ಅವತ್ತಿನ ಸಭೆಯಲ್ಲಿ ನನಗೆ ಎಲ್ಲರಿಗಿಂತ ಇಷ್ಟವಾದವನು ಆ ಹುಡುಗ.

"ಹೆಸರಲ್ಲೇ ಹುಲಿ ಇದೆಯಲ್ಲಮ್ಮ." ಇದನ್ನು ನಾನು ಯಾಕೆ ಇಷ್ಟು ಮನಸ್ಸಿಗೆ ಹಚ್ಚಿಕೊಂಡಿದ್ದೇನೆ? ಆ ಹೆಸರು ಆ ಪ್ರಾಣಿಯ ಜೀವಕ್ಕೇ ಎರವಾಯಿತು, ಅದಕ್ಕೆ. ಹುಲಿ ಅಂದಮೇಲೆ ಕುರಿ ಕೊಲ್ಲುತ್ತದೆ, ಕುರಿ ಕೊಲ್ಲುತ್ತದೆ ಅಂದಮೇಲೆ ಕೊಂದವರಿಗೆ ಬಹುಮಾನ. ಟಾಸ್ಮೇನಿಯಾ ಸರ್ಕಾರ 1888ರಿಂದ 1909ರವರೆಗೆ ದೊಡ್ಡ ಪ್ರಾಣಿಗೆ 1 ಪೌಂಡ್, ಮರಿಗೆ 10 ಶಿಲ್ಲಿಂಗ್ ಕೊಟ್ಟಿತು. ಸರ್ಕಾರ ಹಣ ಕೊಟ್ಟ ಲೆಕ್ಕವೇ 2,184. ಸರ್ಕಾರಕ್ಕಿಂತ ಮೊದಲೇ ಕುರಿ ಕಂಪನಿಯೊಂದು ತನ್ನದೇ ಬಹುಮಾನ ಕೊಡುತ್ತಿತ್ತು. ಕಾಡು ಕಡಿದದ್ದು, ನಾಯಿಗಳು, ರೋಗ ಎಲ್ಲ ಸೇರಿತ್ತು, ಹೆಸರೊಂದೇ ಕಾರಣ ಎನ್ನುವುದಿಲ್ಲ. ಆದರೆ ಗುಂಡು ಹಾರಿಸುವ ಕೈಗೆ ಧೈರ್ಯ ಕೊಟ್ಟದ್ದು ಆ ಹೆಸರು. ಇತ್ತೀಚೆಗೆ ದವಡೆಯ ಮೇಲೆ ನಡೆದ ಅಧ್ಯಯನಗಳು ದೊಡ್ಡ ಕುರಿಯನ್ನು ಕೆಡವಲು ಅದಕ್ಕೆ ಶಕ್ತಿ ಸಾಲುತ್ತಿರಲಿಲ್ಲ ಅನ್ನುತ್ತವೆ. ಕಾನೂನಿನ ರಕ್ಷಣೆ ಸಿಕ್ಕಿದ್ದು 1936ರ ಜುಲೈಯಲ್ಲಿ. ಕೊನೆಯದು ಹೋಬಾರ್ಟ್‌ನಲ್ಲಿ ಸತ್ತದ್ದು ಅದೇ ವರ್ಷ ಸೆಪ್ಟೆಂಬರ್ 7ಕ್ಕೆ. ಎರಡು ತಿಂಗಳೂ ಆಗಿರಲಿಲ್ಲ. ಅದರ ಚರ್ಮವನ್ನು ಅಲ್ಲಿನ ವಸ್ತುಸಂಗ್ರಹಾಲಯದವರು ಶಾಲೆಗಳಿಗೆ ಒಯ್ದು ಪಾಠಕ್ಕೆ ತೋರಿಸುತ್ತಿದ್ದರು, ಅದೇ ಕೊನೆಯ ಪ್ರಾಣಿ ಎಂದು ಗೊತ್ತಿಲ್ಲದೆ. ಅದು ಗೊತ್ತಾದದ್ದು 2022ರಲ್ಲಿ. ಅದು ಹೆಣ್ಣು ಎಂಬುದೂ ಆಗಲೇ ಎಲ್ಲರಿಗೂ ತಿಳಿದದ್ದು.

ಡೆವಿಲ್ ಕತೆಯೂ ಹಾಗೇ. ರಾತ್ರಿ ಕಿರುಚುತ್ತದೆ ಎಂದು ವಲಸೆ ಬಂದವರು ಅದನ್ನು ದೆವ್ವ ಅಂದರು. ಒಂದು ಸೂಲಿಗೆ 20ಕ್ಕೂ ಹೆಚ್ಚು ಮರಿ ಹಾಕುತ್ತದೆ, ತಾಯಿಗೆ ಮೊಲೆತೊಟ್ಟು 4 ಮಾತ್ರ. 1996ರಿಂದ ಅದಕ್ಕೆ ಮುಖದ ಕ್ಯಾನ್ಸರ್ ಕಾಟ, ಕಚ್ಚಾಟದಲ್ಲಿ ಒಂದರಿಂದ ಒಂದಕ್ಕೆ ಅಂಟುವಂಥದ್ದು. ದೆವ್ವ ಅಂತ ಹೆಸರಿಟ್ಟವರ ವಂಶದವರೇ ಈಗ ಅದನ್ನು ಉಳಿಸಲು ಒದ್ದಾಡುತ್ತಿದ್ದಾರೆ, ಅವರಿಗೆ ಒಳ್ಳೆಯದಾಗಲಿ. ಕ್ವೋಲ್‌ಗೆ ಅದೇ ಜನ "ನಾಡಬೆಕ್ಕು" ಅಂದಿದ್ದರು. ಕ್ವೋಲ್ ಅನ್ನುವುದು ಆಸ್ಟ್ರೇಲಿಯಾದ ಉತ್ತರ ಭಾಗದ ಮೂಲನಿವಾಸಿ ಗೂಗು ಯಿಮಿತಿರ್ ಜನರ ಮಾತಿನಿಂದ ಬಂದದ್ದು, 1770ರಲ್ಲಿ ಕ್ಯಾಪ್ಟನ್ ಕುಕ್‌ನ ಹಡಗು ಅಲ್ಲಿ ರಿಪೇರಿಗೆ ನಿಂತಾಗ ಬರೆದುಕೊಂಡ ಪದ. ಸರಿಯಾದ ಹೆಸರು ಅವತ್ತೇ ಕೈಯಲ್ಲಿತ್ತು. ಆದರೂ ಬೆಕ್ಕು ಅಂತಲೇ ಕರೆದರು.

ನನ್ನ ಅಪ್ಪ ಕಾರ್ಕಳದಿಂದ ಬಂದವರು. ಹಗಲು ಕ್ಯಾಂಟೀನ್ ಕೆಲಸ, ರಾತ್ರಿ ಫೋರ್ಟ್‌ನಲ್ಲಿ ಕನ್ನಡ ರಾತ್ರಿ ಶಾಲೆ. ಸಾಯುವವರೆಗೆ ಈ ಊರು ಅವರನ್ನು ಕರೆದದ್ದು ಮದ್ರಾಸಿ ಅಂತ. ಮದ್ರಾಸನ್ನು ಅವರು ಕಣ್ಣಿಂದ ನೋಡಿದವರಲ್ಲ. ತಮ್ಮ ಕಡೆ ಯಾವುದು ಎಂದು ಹೇಳಿದಾಗಲೆಲ್ಲ ಎದುರಿಗಿದ್ದವರು ನಕ್ಕು "ಎಲ್ಲ ಒಂದೇ" ಅನ್ನುತ್ತಿದ್ದರು. ಅಂಥ ಮಾತು ಕೇಳಿಕೊಂಡೇ ಬೆಳೆದ ನಮ್ಮ ಬಳಗದಲ್ಲಿ, ಅದೂ ಕನ್ನಡದಲ್ಲಿ, ಒಂದು ಮಗುವಿಗೆ ಇದನ್ನೇ ಹೇಳಿದ್ದು ನನಗೆ ನುಂಗಲು ಆಗುತ್ತಿಲ್ಲ. ಹಿರಿಯರಿಗೂ ಫೋನಿನಲ್ಲಿ ಇದನ್ನೇ ಹೇಳಿದೆ. ಅವರು ಸ್ವಲ್ಪ ಹೊತ್ತು ಏನೂ ಅನ್ನಲಿಲ್ಲ.

ಇಂಥ ವರ್ಗೀಕರಣ ಯಾರಿಗೆ ಬೇಕು ಅನ್ನುವವರಿಗೆ ಒಂದು ವಿಷಯ ಹೇಳುತ್ತೇನೆ. ಥೈಲಸೀನ್ ಅನ್ನು ಮತ್ತೆ ಹುಟ್ಟಿಸುತ್ತೇವೆ ಎಂದು ಮೆಲ್ಬರ್ನ್ ವಿಶ್ವವಿದ್ಯಾಲಯದ ತಂಡವೂ ಅಮೆರಿಕದ ಒಂದು ಕಂಪನಿಯೂ ಕೆಲಸ ಮಾಡುತ್ತಿವೆ. ಅದು ಸಾಧ್ಯವಾ, ಬೇಕಾ ಅನ್ನುವುದು ಬೇರೆ ಚರ್ಚೆ, ಇರುವ ಕ್ವೋಲ್‌ಗಳಿಗೇ ಆ ದುಡ್ಡು ಹೋಗಲಿ ಎನ್ನುವ ಪೈಕಿ ನಾನು. ಆದರೆ ಅವರು ಜೀವಕೋಶಕ್ಕಾಗಿ ಯಾರ ಹತ್ತಿರ ಹೋದರು? ಹುಲಿ ಹತ್ತಿರ ಅಲ್ಲ, ತೋಳದ ಹತ್ತಿರ ಅಲ್ಲ. ದಪ್ಪಬಾಲದ ಡನಾರ್ಟ್ ಹತ್ತಿರ. ಅಂಗೈಯಲ್ಲಿ ಕೂರುವ, ಇಲಿಯಷ್ಟಿರುವ ಡ್ಯಾಸಿಯೂರಿಡ್. ಸಂಬಂಧ ಇರುವುದು ಅಲ್ಲೇ.

ಮುಂದಿನ ತಿಂಗಳ ಮಕ್ಕಳ ಸಭೆಯಲ್ಲಿ ಅರ್ಧ ಗಂಟೆ ಕೊಡಿ ಎಂದು ಸಮಿತಿಗೆ ಬರೆದಿದ್ದೇನೆ. ಒಪ್ಪಿದ್ದಾರೆ. ಕಾಂಗರೂ ಪಾದ ಮತ್ತು ಕ್ವೋಲ್ ಪಾದದ ದೊಡ್ಡ ಚಿತ್ರಗಳನ್ನು ಪಕ್ಕಪಕ್ಕ ಇಟ್ಟು, ಬೆರಳುಗಳನ್ನು ಮಕ್ಕಳ ಕೈಯಲ್ಲೇ ಎಣಿಸಿಸಬೇಕು. ಪಾಠ ನಾನೊಬ್ಬಳೇ ಮಾಡುವುದಿಲ್ಲ, ಥೈಲಸೀನ್ ಭಾಗ ಆ ಹುಡುಗಿಯದು, ಬುರುಡೆಯ ಚಿತ್ರ ಬರೆದು ತರುವುದು ಬಜರ್ ಹುಡುಗನ ಕೆಲಸ. ಹಿರಿಯರನ್ನೂ ಕರೆದಿದ್ದೇನೆ, ಬರುತ್ತೇನೆ ಅಂದಿದ್ದಾರೆ. ಅಂಕದ ಪಟ್ಟಿ ಇನ್ನೂ ನನ್ನ ಹತ್ತಿರವೇ ಇದೆ, ಅವತ್ತು ಎಲ್ಲರ ಮುಂದೆ ಅದನ್ನು ತಿದ್ದಿ ಸಹಿ ಹಾಕಿ ಎಂದು ಅವರನ್ನೇ ಕೇಳುತ್ತೇನೆ.