‘ಅನಂತಪುರದ ಮೊಸಳೆ ನಿಜವಾಗ್ಲೂ ಅನ್ನ ಮಾತ್ರ ತಿಂತಿತ್ತಾ?’

ಕಾಡುಪ್ರಾಣಿ, ಕೋಲ, ನೇಮದಂಥ ದೈವಾರಾಧನೆ ಅಂತ ಸಾಕ್ಷ್ಯಚಿತ್ರ ಮಾಡುತ್ತಾ ಓಡಾಡುವವನು ನಾನು. ಊರು ಕಾಸರಗೋಡು ಅಂದ ಕೂಡಲೇ ಎಲ್ಲರೂ ಕೇಳುವುದು ಇದನ್ನೇ. ಮದುವೆ ಮನೆಯಲ್ಲಿ ಸಾಂಬಾರು ಬಡಿಸುತ್ತಾ ಕೇಳಿದವರೂ ಇದ್ದಾರೆ.

ಗೊತ್ತಿಲ್ಲದವರಿಗೆ: ಕುಂಬಳೆ ಹತ್ತಿರದ ಅನಂತಪುರದಲ್ಲಿ ಕೆರೆಯ ನಡುವೆ ದೇವಸ್ಥಾನವಿದೆ. ಆ ಕೆರೆಯಲ್ಲಿ ಬಬಿಯಾ ಅನ್ನುವ ಮೊಸಳೆ ಇತ್ತು. ನೈವೇದ್ಯದ ಅನ್ನ ಬಿಟ್ಟು ಬೇರೇನೂ ಮುಟ್ಟದ ‘ಸಸ್ಯಾಹಾರಿ’ ಮೊಸಳೆ ಅಂತ ಜನ ಅದನ್ನು ನಂಬಿದ್ದರು. 70 ವರ್ಷಕ್ಕಿಂತ ಜಾಸ್ತಿ ಬದುಕಿತ್ತು ಅನ್ನುತ್ತಾರೆ. 2022ರ ಅಕ್ಟೋಬರ್ 9ರ ರಾತ್ರಿ ಸತ್ತುಹೋಯಿತು.

ನನ್ನ ಕ್ಯಾಮೆರಾದ ಮುಂದೆ ಅದು ತಿಂದದ್ದು ಅನ್ನವನ್ನೇ. ಮಧ್ಯಾಹ್ನದ ಪೂಜೆ ಮುಗಿಸಿ ಅರ್ಚಕರು ನೈವೇದ್ಯ ಹಿಡಿದು ಮೆಟ್ಟಿಲಿಳಿದರು. ಹೆಸರು ಹಿಡಿದು ಕರೆದರು. ಸ್ವಲ್ಪ ಹೊತ್ತು ನೀರು ಸುಮ್ನೆ ಇತ್ತು. ಆಮೇಲೆ ಮೂಗಿನ ಎರಡು ಹೊಳ್ಳೆ, ಹಿಂದೆಯೇ ಎರಡು ಕಣ್ಣು. ಬಾಯಿ ತೆರೆಯಿತು, ಅನ್ನದ ಉಂಡೆ ಒಳಗೆ ಬಿತ್ತು. ಮೊಸಳೆಗೆ ಅಗಿಯಲು ಬರುವುದಿಲ್ಲ, ತಲೆ ಎತ್ತಿ ನುಂಗಬೇಕು. ನಾಲ್ಕು ಅಗುಳು ಹಲ್ಲಿನ ಸಂದಿಯಲ್ಲಿ ಉಳಿದವು. ನೀರಿಗೆ ಉದುರಿದ್ದಕ್ಕೆ ಪುಟ್ಟ ಮೀನುಗಳು ಮುತ್ತಿಕೊಂಡವು, ಅದರ ದವಡೆಯ ಬುಡದಲ್ಲೇ.

ಹಾಗಾದರೆ ಆ ಮೀನುಗಳನ್ನು ಮುಟ್ಟುತ್ತಲೇ ಇರಲಿಲ್ವಾ? ನನ್ನನ್ನು ಕೇಳಿದರೆ, ತಿಂದಿರುತ್ತದೆ. ಇದು ನಮ್ಮ ಸಿಹಿನೀರಿನ ಮೊಸಳೆ. ಮೀನು, ಕಪ್ಪೆ, ಹಕ್ಕಿ ಅದರ ಊಟ. ಬೇಟೆಯ ಹೊತ್ತು ಜಾಸ್ತಿಯಾಗಿ ರಾತ್ರಿ. ಆ ಹೊತ್ತಿಗೆ ನಾನೂ ಇಲ್ಲ, ಭಕ್ತರೂ ಇಲ್ಲ. ಹಾಗಂತ ಅನ್ನ ತಿಂದದ್ದು ಸುಳ್ಳಾಗುವುದಿಲ್ಲ. 2013ರಲ್ಲಿ ಒಂದು ಅಧ್ಯಯನ ಬಂತು. ಸಂಶೋಧಕರು ನೋಡಿದ 18 ಮೊಸಳೆ ಜಾತಿಗಳಲ್ಲಿ 13 ಜಾತಿಗಳು ಹಣ್ಣನ್ನೂ ತಿನ್ನುತ್ತವಂತೆ! ಬಿಸಿಲಿಗೆ ಮೈ ಕಾಯಿಸಿಕೊಳ್ಳುವ ಪ್ರಾಣಿಗೆ ನಮ್ಮ ಹಾಗೆ ಮೂರು ಹೊತ್ತಿನ ಊಟ ಬೇಕಿಲ್ಲ. ದೊಡ್ಡ ಮೊಸಳೆ ತಿಂಗಳುಗಟ್ಟಲೆ ಉಪವಾಸ ಇರಬಲ್ಲದು.

ಇಷ್ಟು ಹೇಳಿದರೆ ಕೆಲವರ ಮುಖ ಸಪ್ಪೆಯಾಗುತ್ತದೆ. ಇನ್ನು ಕೆಲವರಿಗೆ ಖುಷಿ: ‘ನಾನು ಹೇಳಿಲ್ವಾ, ಎಲ್ಲ ಮೋಸ!’ ಮೋಸ ಎಲ್ಲಿಂದ ಬಂತು ಮಾರಾಯ್ರೇ? ಹುಲಿಗೆ ಪಿಲಿಚಾಮುಂಡಿ ಅನ್ನುವ ದೈವ ಅಂತ ಕೈಮುಗಿಯುವ ನಾಡಿದು. ಹುಲಿ ಹುಲ್ಲು ಮೇಯುತ್ತದೆ ಅಂತ ಇಲ್ಲಿ ಯಾರೂ ನಂಬಿಲ್ಲ.

ನಾನು ಬೆರಗಾದದ್ದು ಬೇರೆ ಕಾರಣಕ್ಕೆ. ಅಷ್ಟು ದೊಡ್ಡ ಮೊಸಳೆ ಇರುವ ಕೆರೆಯ ಬದಿಯಲ್ಲೇ ಜನ ಮಕ್ಕಳನ್ನು ಎತ್ತಿಕೊಂಡು ನಿಲ್ಲುತ್ತಿದ್ದರು. ಅದು ಯಾರನ್ನಾದರೂ ಕಚ್ಚಿತು ಅನ್ನುವ ಮಾತು ನಾನು ಒಮ್ಮೆಯೂ ಕೇಳಿಲ್ಲ. ಸತ್ತಾಗ ಕೊನೆಯ ದರ್ಶನಕ್ಕೆ ಜನ ಹರಿದು ಬಂದರು. ದೇವಸ್ಥಾನದ ಜಾಗದಲ್ಲೇ ಹೂತರು. ನನ್ನ ಚಿತ್ರದಲ್ಲಿ ‘ಸಸ್ಯಾಹಾರಿ’ ಅನ್ನುವ ಪದ ಒಂದು ಸಲವೂ ಬರುವುದಿಲ್ಲ. ಅದಕ್ಕೆ ಕೆಲವರು ಬೈದರು ಕೂಡ.

2023ರ ನವೆಂಬರಿನಲ್ಲಿ ಅದೇ ಕೆರೆಯಲ್ಲಿ ಇನ್ನೊಂದು ಮೊಸಳೆ ಕಾಣಿಸಿಕೊಂಡಿತು. ಕ್ಯಾಮೆರಾ ಹೊತ್ತು ಹೋದೆ. ಸಂಜೆವರೆಗೆ ಕಾದು ಸಿಕ್ಕಿದ್ದು ನಾಲ್ಕು ಸೆಕೆಂಡಿನ ಶಾಟ್: ನೀರಿನ ಮೇಲೆ ಎರಡು ಕಣ್ಣು, ಆಮೇಲೆ ಬರೀ ನೀರು. ಸಾಮಾನು ಕಟ್ಟುವಾಗ ಫೋನು ಬಂತು.

‘ಇದೂ ಅನ್ನ ತಿಂತದಾ?’